ಎರಡು ಹೊಳೆಗಳ ನಡುವಿನ ದೊರೆ: ಸುರಪುರದ ವೆಂಕಟಪ್ಪ ನಾಯಕ

ಜತ್ತ ತಾಲೂಕು ಎರಡು ಮಹಾನದಿಗಳ ನಡುವೆ ಇದ್ದೂ ಎರಡರ ನೀರನ್ನೂ ಕಾಣದ ನೆಲ. ಉತ್ತರಕ್ಕೆ ಭೀಮೆ, ದಕ್ಷಿಣಕ್ಕೆ ಕೃಷ್ಣೆ, ನಡುವೆ ನಾವು. ನಮ್ಮ ಬೋರ ನದಿ ಮಳೆಗಾಲದಲ್ಲಿ ನಾಲ್ಕು ದಿನ ಹರಿದು ಭೀಮೆಯ ಕಡೆಗೆ ಹೋಗುತ್ತದೆ. ಕೃಷ್ಣೆಯನ್ನು ಮ್ಹೈಸಾಳದ ಬಳಿ ಎತ್ತಿ ತರಬೇಕು. ಆ ನೀರಿಗಾಗಿ ನಮ್ಮ ಪೂರ್ವಭಾಗದ ಊರುಗಳು ಕಾದ ಕಾಲ ಸಣ್ಣದಲ್ಲ. ಇವೇ ಎರಡು ಹೊಳೆಗಳು ಪೂರ್ವಕ್ಕೆ ಹರಿಯುತ್ತ ವಿಜಯಪುರ ಸೀಮೆಯನ್ನು ದಾಟಿ, ಕ್ರಮೇಣ ಒಂದನ್ನೊಂದು ಸಮೀಪಿಸಿ, ರಾಯಚೂರಿನ ಉತ್ತರಕ್ಕೆ ಕೂಡುತ್ತವೆ. ಕೂಡುವ ಮುನ್ನ ಅವುಗಳ ತೋಳುಗಳ ನಡುವೆ ಸಿಲುಕಿರುವ ಕಲ್ಲುಗುಡ್ಡಗಳ ನಾಡಿಗೆ ಸಗರನಾಡು ಎಂದು ಹೆಸರು. ಅದರ ನಡುವೆ, ಸುತ್ತಲೂ ಬೆಟ್ಟಗಳು ಕಾವಲು ನಿಂತಂತಿರುವ ಊರು ಸುರಪುರ. ಅಲ್ಲಿ ಬೇಡ ಜನಾಂಗದ ನಾಯಕರು ಆಳಿದರು. ಅವರಲ್ಲಿ ಕೊನೆಯವನಾಗಿ ಗದ್ದುಗೆಯ ಮೇಲಿದ್ದು, ಇಪ್ಪತ್ತನಾಲ್ಕು ತುಂಬುವ ಹೊತ್ತಿಗೆ ಇಲ್ಲವಾದವನು ವೆಂಕಟಪ್ಪ ನಾಯಕ.

ನಮ್ಮ ವಿದ್ಯಾರ್ಥಿಗಳಿಗೆ ಸಿಂಧೂರ ಲಕ್ಷ್ಮಣನ ಕಥೆಯನ್ನು ಹೇಳಬೇಕಾಗಿಲ್ಲ. ಅವನ ಊರು ಈ ತಾಲೂಕಿನದೇ. ಅವನ ನಾಟಕವನ್ನು ಜಾತ್ರೆಯ ರಂಗದಲ್ಲಿ ನೋಡದ ಮನೆ ಈ ಭಾಗದಲ್ಲಿ ಸಿಗುವುದು ಕಷ್ಟ. ಅವನೂ ಬೇಡರವನೇ. ಆದರೆ ಅವನಿಗಿಂತ ಅರವತ್ತಕ್ಕೂ ಹೆಚ್ಚು ವರ್ಷ ಹಿಂದೆ, ಅದೇ ಜನಾಂಗದ ಅತಿದೊಡ್ಡ ಸಂಸ್ಥಾನದಲ್ಲಿ ನಡೆದ ದುರಂತ ನಮ್ಮ ಕಡೆ ಅಷ್ಟಾಗಿ ಪರಿಚಿತವಲ್ಲ. ಈ ಲೇಖನಕ್ಕೆ ಅದೇ ನಿಮಿತ್ತ.

ಬೇಡರು ಈ ನಾಡಿಗೆ ಎಲ್ಲಿಂದಲೋ ಬಂದು ನೆಲೆಸಿದ ಆಳರಸರಲ್ಲ. ಬೇಟೆ, ಕಾವಲು, ಕಾಳಗ ಇವೇ ಅವರ ವೃತ್ತಿ. ಗುಡ್ಡ ಮತ್ತು ಹೊಳೆಯ ದಂಡೆ ಅವರ ನೆಲೆ. ವಿಜಯನಗರ ಬಿದ್ದು, ಬಹಮನಿಯ ಒಡಕುಗಳಿಂದ ಎದ್ದ ಬಿಜಾಪುರವೂ ಕುಸಿದ ಮೇಲೆ, ತಮ್ಮ ಕಾಲಡಿಯ ನೆಲವನ್ನು ತಾವೇ ಹಿಡಿದು ನಿಂತವರು ಅವರು. ಮೊದಲು ಅವರ ರಾಜಧಾನಿ ಸುರಪುರಕ್ಕೆ ಸಮೀಪದ ವಾಗಣಗೇರಿ. 1705ರಲ್ಲಿ ಔರಂಗಜೇಬನು ಸ್ವತಃ ದಂಡೆತ್ತಿ ಬಂದು ಆ ಕೋಟೆಗೆ ಮುತ್ತಿಗೆ ಹಾಕಿದನು. ದೆಹಲಿಯ ಬಾದಶಹನು ತಾನೇ ನಿಂತು ನಡೆಸಿದ ಕೊನೆಯ ಮುತ್ತಿಗೆ ಅದು. ಬೇಡರ ನಾಯಕ ಪಿಡ್ಡ ನಾಯಕನಿಗೆ ಮರಾಠರ ಧನಾಜಿ ಜಾಧವನ ಸೈನ್ಯ ನೆರವಿಗೆ ಬಂದಿತು. ಕನ್ನಡದ ಬೇಡರೂ ಮರಾಠ ಸವಾರರೂ ಹೆಗಲೆಣೆಯಾಗಿ ನಿಂತ ಆ ದಿನಗಳನ್ನು ಗಡಿಯಲ್ಲಿ ಬಾಳುವ ನಾವು ನೆನೆಯಬಹುದು. ಸುಮಾರು ಮೂರು ತಿಂಗಳ ಕಾಲ ಕಾದಾಡಿ, ಇನ್ನು ಕೋಟೆ ಉಳಿಯದೆಂದು ತಿಳಿದಾಗ, ಬೇಡರು ರಾತ್ರೋರಾತ್ರಿ ಅದನ್ನು ಬರಿದು ಮಾಡಿ ಗುಡ್ಡಗಳೊಳಗೆ ಕರಗಿಹೋದರು. ಬಾದಶಹನಿಗೆ ದಕ್ಕಿದ್ದು ಕಲ್ಲಿನ ಗೋಡೆಗಳು ಮಾತ್ರ. ಎರಡು ವರ್ಷದಲ್ಲಿ ಅವನೇ ತೀರಿಕೊಂಡನು; ಬೇಡರು ಮರಳಿ ಬಂದರು. ಕೋಟೆ ಹೋದರೆ ಹೋಗಲಿ, ಗುಡ್ಡ ಮತ್ತು ಹೊಳೆ ಇದ್ದರೆ ನಾಡು ಉಳಿಯುತ್ತದೆ ಎಂಬ ತಿಳಿವಳಿಕೆ ಆ ಜನರ ರಕ್ತಕ್ಕೆ ಇಳಿದದ್ದು ಇಂಥ ಅನುಭವಗಳಿಂದಲೇ ಇರಬೇಕು.

ಆ ಹೊಳೆಯ ಬಗ್ಗೆ ಎರಡು ಮಾತು ಹೇಳದೆ ಮುಂದೆ ಸಾಗುವಂತಿಲ್ಲ. ನಾವು ಸಾಂಗಲಿಯಲ್ಲಿ ಕಾಣುವ ಕೃಷ್ಣೆ ಕಪ್ಪು ಮಣ್ಣಿನ ನಡುವೆ ನಿಧಾನವಾಗಿ ಹರಿಯುವ ಸೌಮ್ಯ ನದಿ. ಸಗರನಾಡಿನ ಅಂಚಿಗೆ ಬರುವಾಗ ಅದರ ಗುಣವೇ ಬೇರೆಯಾಗುತ್ತದೆ. ನಾರಾಯಣಪುರದ ಕೆಳಗೆ, ಜಲದುರ್ಗದ ಸುತ್ತಮುತ್ತ, ಮೂರು ಮೈಲಿಯಷ್ಟು ಅಂತರದಲ್ಲಿ ಅದು ಸುಮಾರು 400 ಅಡಿ ಕೆಳಗಿಳಿಯುತ್ತದೆ. ಹೆಬ್ಬಂಡೆಗಳ ನಡುವೆ ಸೀಳಿ, ಹೊರಳಿ, ನಡುಗಡ್ಡೆಗಳನ್ನು ಸುತ್ತಿಕೊಂಡು ಇಳಿಯುವ ಆ ನೀರಿನ ಮಗ್ಗುಲಲ್ಲೇ ಛಾಯಾಭಗವತಿಯ ಗುಡಿ. ಇನ್ನೂ ಕೆಳಗೆ ತಿಂಥಣಿಯಲ್ಲಿ ಮೌನೇಶ್ವರನ ಸನ್ನಿಧಿ. ಅಲ್ಲಿಗೆ ಹಿಂದೂಗಳೂ ಮುಸಲ್ಮಾನರೂ ಒಂದೇ ಭಕ್ತಿಯಿಂದ ಬರುತ್ತಾರೆ. ಅಣೆಕಟ್ಟುಗಳಿಲ್ಲದ ಆ ಕಾಲದಲ್ಲಿ ಮುಂಗಾರು ಹಿಡಿದಿತೆಂದರೆ ಹರಿಗೋಲಲ್ಲದೆ ಬೇರೆ ದಾರಿಯಿಲ್ಲ. ಹೊಳೆ ತುಂಬಿದ ನಾಲ್ಕು ತಿಂಗಳು ಸುರಪುರಕ್ಕೆ ದಕ್ಷಿಣದಿಂದ ಶತ್ರುವಿನ ಭಯವಿಲ್ಲ. ನೀರು ಇಳಿದು, ಬಂಡೆಗಳು ತಲೆಯೆತ್ತಿ, ಮರಳು ಬಯಲಾದಾಗ ಹಾಯ್ಗಡಗಳು ತೆರೆದುಕೊಳ್ಳುತ್ತವೆ. ಯಾವ ತಿಂಗಳಲ್ಲಿ ಎಲ್ಲಿ ಕಾಲಿಟ್ಟರೆ ನೆಲ ಸಿಕ್ಕೀತು ಎಂಬುದು ದಂಡೆಯ ಜನರಿಗೆ ಗೊತ್ತು, ಹೊರಗಿನವರಿಗೆ ಗೊತ್ತಿಲ್ಲ. ಹೀಗೆ ಕೃಷ್ಣೆಯು ಬೇಡರಿಗೆ ತೀರ್ಥವೂ ಹೌದು, ಕಂದಕವೂ ಹೌದು.

ಇಂಥ ನಾಡಿನ ದೊರೆತನ ಹೇಗಿತ್ತೆಂಬುದನ್ನೂ ತಿಳಿಯಬೇಕು. ಸುರಪುರದ ನಾಯಕನು ಬರಿಯ ಕಂದಾಯ ವಸೂಲಿ ಮಾಡುವ ಪಾಳೆಯಗಾರನಲ್ಲ. ಸಾವಿರಾರು ಬೇಡ ಕುಟುಂಬಗಳು ದಂಡಿನ ಸೇವೆಗೆ ಪ್ರತಿಯಾಗಿ ತೆರಿಗೆಯಿಲ್ಲದ ಭೂಮಿಯನ್ನು ಅನುಭವಿಸುತ್ತಿದ್ದವು. ಕರೆ ಬಂದಾಗ ಆಯುಧ ಹಿಡಿದು ಬರುವುದು ಅವರ ಪಾಲಿನ ಕಂದಾಯ. ನಾಯಕನು ಅವರ ಕುಲದ ಹಿರಿಯ, ಆಣೆಯ ಒಡೆಯ. ನಾಯಕನಿಲ್ಲದೆ ಬೇಡರಿಲ್ಲ, ಬೇಡರು ಒಪ್ಪದಿದ್ದರೆ ನಾಯಕನಿಲ್ಲ. ಈ ಬಾಂಧವ್ಯವನ್ನು ರೂಪಾಯಿ ಲೆಕ್ಕದಲ್ಲಿ ಬರೆಯಲಾಗುವುದಿಲ್ಲ. ಸುರಪುರದ ದುರ್ದೈವವೆಂದರೆ, ಹತ್ತೊಂಬತ್ತನೆಯ ಶತಮಾನ ಬರುವ ಹೊತ್ತಿಗೆ ಅದನ್ನು ಸುತ್ತುವರಿದ ಎಲ್ಲ ಶಕ್ತಿಗಳಿಗೂ ಬೇಕಾದದ್ದು ಲೆಕ್ಕವೇ ಆಗಿತ್ತು. ಒಂದು ಕಡೆ ಹೈದರಾಬಾದಿನ ನಿಜಾಮನಿಗೆ ಕಪ್ಪ. ಇನ್ನೊಂದು ಕಡೆ ಪೇಶ್ವೆಗೆ. ಪೇಶ್ವೆ ಹೋದ ಮೇಲೆ ಅವನ ಸ್ಥಾನದಲ್ಲಿ ಕಂಪನಿ ಸರಕಾರ. ಹೊಸ ನಾಯಕ ಗದ್ದುಗೆಯೇರಿದಾಗಲೆಲ್ಲ ನಿಜಾಮನ ದರಬಾರಿಗೆ ಭಾರಿ ನಜರಾಣೆ ಸಲ್ಲಬೇಕು. ಸಲ್ಲಿಸಲಾರದೆ ಉಳಿದದ್ದೆಲ್ಲ ಸಾಲವಾಯಿತು. ಸಾಲ ಬೆಳೆದಂತೆ ನಾಡು ಸಾಹುಕಾರರ ಕಡತದಲ್ಲಿ ಒಂದು ಒತ್ತೆಯ ವಸ್ತುವಾಯಿತು.

ವೆಂಕಟಪ್ಪ ನಾಯಕನು ಹುಟ್ಟಿದ್ದು 1834ರಲ್ಲಿ, ಈ ಸಾಲದ ನೆರಳಿನಲ್ಲಿ. ತಂದೆ ಕೃಷ್ಣಪ್ಪ ನಾಯಕ. ತಾಯಿ ರಾಣಿ ಈಶ್ವರಮ್ಮ. ಮಗನು ಇನ್ನೂ ಎಳೆಯ ಬಾಲಕನಾಗಿದ್ದಾಗಲೇ ತಂದೆ ತೀರಿಕೊಂಡನು. ದೊರೆಯ ತಮ್ಮ ಪಿಡ್ಡ ನಾಯಕ ಒಂದು ಕಡೆ, ರಾಣಿ ಇನ್ನೊಂದು ಕಡೆ. ಅಧಿಕಾರ ಯಾರ ಕೈಯಲ್ಲಿರಬೇಕೆಂಬ ಜಗಳದಲ್ಲಿ ಬೇಡರ ಹಿರಿಯರೂ ಎರಡಾಗಿ ಒಡೆದರು. ಬಾಕಿ ವಸೂಲಾಗದ ಚಿಂತೆಯಲ್ಲಿದ್ದ ನಿಜಾಮನ ಸರಕಾರವೂ ಹೈದರಾಬಾದಿನ ಬ್ರಿಟಿಷ್ ರೆಸಿಡೆನ್ಸಿಯೂ ಇದನ್ನೇ ಅವಕಾಶ ಮಾಡಿಕೊಂಡು ತಮ್ಮ ಅಧಿಕಾರಿಯನ್ನು ಸುರಪುರಕ್ಕೆ ಕಳುಹಿಸಿದವು. ಅವನೇ ಫಿಲಿಪ್ ಮೆಡೋಸ್ ಟೇಲರ್. 1808ರಲ್ಲಿ ಲಿವರ್‌ಪೂಲಿನಲ್ಲಿ ಹುಟ್ಟಿ, ಹುಡುಗನಾಗಿದ್ದಾಗಲೇ ಭಾರತಕ್ಕೆ ಬಂದು, ನಿಜಾಮನ ಸೇವೆ ಸೇರಿದ್ದವನು. ಠಕ್ಕರ ಕಥೆಯನ್ನು ಕಾದಂಬರಿಯಾಗಿ ಬರೆದು ಇಂಗ್ಲೆಂಡಿನಲ್ಲಿ ಆಗಲೇ ಹೆಸರು ಮಾಡಿದ್ದನು. 1842ರ ಹೊತ್ತಿಗೆ ಸುರಪುರದ ವ್ಯವಹಾರವೆಲ್ಲ ಅವನ ಕೈಗೆ ಬಂದಿತು. ಏಳೆಂಟು ವರ್ಷದ ಬಾಲಕ ದೊರೆಯೂ ಅವನ ಪಾಲನೆಗೆ ಬಂದನು.

ಟೇಲರನ ಬಗ್ಗೆ ತೀರ್ಪು ಕೊಡುವುದು ಸುಲಭವಲ್ಲ. ಅವನು ದೋಚಲು ಬಂದ ಅಧಿಕಾರಿಯಾಗಿರಲಿಲ್ಲ. ಸುಮಾರು ಹನ್ನೊಂದು ವರ್ಷ ಸುರಪುರದಲ್ಲಿದ್ದು ಅವನು ಮಾಡಿದ ಕೆಲಸ ಕಣ್ಣಿಗೆ ಕಾಣುವಂಥದು. ಕಂದಾಯವನ್ನು ಗೊತ್ತುಪಡಿಸಿದನು, ರಸ್ತೆಗಳನ್ನು ಮಾಡಿಸಿದನು, ಬೋನಾಳದ ಕೆರೆಯ ಏರಿಯನ್ನು ಬಲಪಡಿಸಿದನು. ಇಂದು ಆ ಕೆರೆ ಪಕ್ಷಿಧಾಮವೆಂದು ಹೆಸರಾಗಿದೆ. ಸುರಪುರದ ಗುಡ್ಡದ ಮೇಲೆ ಅವನು ಕಟ್ಟಿಸಿದ ಮನೆ ಟೇಲರ್ ಮಂಜಿಲ್ ಎಂಬ ಹೆಸರಿನಿಂದ ಈಗಲೂ ನಿಂತಿದೆ. ಬಿಡುವಿನಲ್ಲಿ ರಾಜನಕೋಳೂರು, ಜೇವರಗಿ ಮೊದಲಾದ ಕಡೆಗಳ ಬೃಹತ್ ಶಿಲಾಸಮಾಧಿಗಳನ್ನು ಅಗೆದು, ಅಳೆದು, ಚಿತ್ರ ಬರೆದನು. ಜನರು ಮೋರೇರ ಮನೆಗಳೆಂದು ಕರೆಯುತ್ತಿದ್ದ ಆ ಕಲ್ಲುಗೋರಿಗಳು ವಿದ್ವತ್ಪ್ರಪಂಚದ ಗಮನಕ್ಕೆ ಬಂದದ್ದು ಅವನಿಂದಲೇ. ಬೇಡರ ಬೇಟೆ, ಸಂಗೀತ, ಮಾತಿನ ನಿಷ್ಠೆಗಳನ್ನು ಮೆಚ್ಚಿ ಬರೆದನು. ಮುಂದೆ ತನ್ನ ಎ ನೋಬಲ್ ಕ್ವೀನ್ ಎಂಬ ಕಾದಂಬರಿಯಲ್ಲಿ ಬೇಡ ನಾಯಕನೊಬ್ಬನನ್ನೂ ಕೃಷ್ಣೆಯ ಜಲದುರ್ಗವನ್ನೂ ತಂದನು.

ಆದರೂ ಅವನ ಒಳ್ಳೆಯತನದಲ್ಲೇ ಒಂದು ತೊಡಕಿತ್ತು. ಸಾಲ ತೀರಬೇಕಾದರೆ ನಾಡನ್ನು ಲೆಕ್ಕದ ಪುಸ್ತಕದೊಳಗೆ ತರಬೇಕು. ಲೆಕ್ಕದ ಪುಸ್ತಕದೊಳಗೆ ತಂದ ಮೇಲೆ ಬೇಡರ ಸೇವಾಭೂಮಿ, ಕಾವಲುಹಕ್ಕು, ಬಿಟ್ಟಿಬಾಬುಗಳೆಲ್ಲ ಖರ್ಚಿನ ಕಲಮಿಗೆ ಬೀಳುತ್ತವೆ. ಟೇಲರನು ಅವುಗಳನ್ನು ಮೃದುವಾಗಿಯೇ ಒರೆಸಿದನು, ನಿಜ. ಆದರೆ ನಾಡು ದೊರೆಯ ಮತ್ತು ಬೇಡರ ನಡುವಿನ ಆಣೆಯಿಂದ ನಡೆಯಬೇಕಾದದ್ದಲ್ಲ, ಕಚೇರಿಯಿಂದ ನಡೆಯಬೇಕಾದದ್ದು ಎಂಬ ನಂಬಿಕೆ ಅವನಲ್ಲಿ ಗಟ್ಟಿಯಾಗಿತ್ತು. ವೆಂಕಟಪ್ಪ ನಾಯಕನು ಬೆಳೆದದ್ದು ಈ ಎರಡರ ನಡುವೆ. ಅರಮನೆಯ ಒಳಗೆ ತಾಯಿ ಮತ್ತು ಬೇಡರ ಹಿರಿಯರು ಹೇಳುವ ಕುಲದ ಕಥೆಗಳು. ಹೊರಗೆ ಸಾಹೇಬನ ಪಾಠ ಮತ್ತು ಶಿಸ್ತು. ಹುಡುಗನು ಟೇಲರನನ್ನು ಅಪ್ಪಾ ಎಂದೇ ಕರೆಯುತ್ತಿದ್ದನು. ಆ ಸಂಬೋಧನೆಯನ್ನು ಅವನು ಕೊನೆಯವರೆಗೂ ಬಿಡಲಿಲ್ಲ.

ಇಲ್ಲಿ ಒಂದು ಸೂಚನೆ ಅಗತ್ಯ. ವೆಂಕಟಪ್ಪ ನಾಯಕನ ಖಾಸಗಿ ಬದುಕಿನ ಬಗ್ಗೆ ಉಳಿದಿರುವ ವಿವರಗಳಲ್ಲಿ ಬಹುಪಾಲು ಬಂದಿರುವುದು ಟೇಲರನ ಆತ್ಮಕಥೆಯಿಂದ. ಅದು ಅವನು ತೀರಿಕೊಂಡ ಮರುವರ್ಷ, 1877ರಲ್ಲಿ, ಮಗಳ ಸಂಪಾದನೆಯಲ್ಲಿ ಪ್ರಕಟವಾಯಿತು. ಬೇಡರು ಹಾಡಿದ್ದು ಹೆಚ್ಚು, ಬರೆದದ್ದು ಕಡಿಮೆ. ಆದ್ದರಿಂದ ದೊರೆಯ ಗುಣದೋಷಗಳನ್ನು ನಾವು ಅವನನ್ನು ಪ್ರೀತಿಸಿದ, ಆದರೆ ಅವನ ನಾಡನ್ನು ಆಳಿದ, ಒಬ್ಬ ವ್ಯಕ್ತಿಯ ಕಣ್ಣಿನಿಂದಲೇ ನೋಡಬೇಕಾಗಿದೆ.

ಆ ಆತ್ಮಕಥೆಯಲ್ಲಿ ಓದುಗರು ಮರೆಯಲಾರದ ಒಂದು ಪ್ರಸಂಗವಿದೆ. ರಾಣಿ ಈಶ್ವರಮ್ಮನಿಗೆ ಕಾಯಿಲೆ ವಿಷಮಿಸಿ, ತಾನು ಉಳಿಯೆನೆಂಬ ಭಯ ಹುಟ್ಟಿತು. ಅವಳು ಟೇಲರನನ್ನು ಕರೆಸಿ, ನಂಬಿಕೆಯ ಶಾಸ್ತ್ರಿಯ ಎದುರಿನಲ್ಲಿ, ಮಗನ ಜಾತಕವನ್ನು ತೆರೆದು ತೋರಿಸಿದಳು. ಹುಡುಗನು ತನ್ನ ಇಪ್ಪತ್ತನಾಲ್ಕನೆಯ ವರ್ಷದಲ್ಲಿ ಸಾಯುವನೆಂದೂ ನಾಡು ಅವನ ಕೈ ತಪ್ಪುವುದೆಂದೂ ಅದರಲ್ಲಿ ಬರೆದಿತ್ತು. ಈ ಗುಟ್ಟು ಆ ಮೂವರ ನಡುವೆ ಮಾತ್ರ ಉಳಿಯಿತು, ಹುಡುಗನಿಗೆ ತಿಳಿಸಲಿಲ್ಲ. ಜ್ಯೋತಿಷ್ಯವನ್ನು ನಂಬುವುದು ಬಿಡುವುದು ಓದುಗರಿಗೆ ಸೇರಿದ್ದು. ನನಗೆ ಕಾಣುವುದು ಬೇರೆ: ಗಂಡನನ್ನು ಕಳೆದುಕೊಂಡು, ಅಧಿಕಾರವನ್ನು ಬಿಟ್ಟುಕೊಟ್ಟು, ಮಗನನ್ನೂ ಪರರ ಪಾಲನೆಗೆ ಒಪ್ಪಿಸಿದ ಒಬ್ಬ ತಾಯಿ ತನ್ನ ನಾಡಿನ ಗತಿಯನ್ನು ಸರಿಯಾಗಿಯೇ ಊಹಿಸಿದ್ದಳು.

1853ರಲ್ಲಿ ಎರಡು ಘಟನೆಗಳು ಒಟ್ಟಿಗೇ ನಡೆದವು. ನಿಜಾಮನು ತನ್ನ ಸೈನ್ಯದ ಖರ್ಚಿನ ಬಾಕಿಗಾಗಿ ವರ್‍ಹಾಡ, ನಳದುರ್ಗ ಮತ್ತು ರಾಯಚೂರು ದೋಆಬ್‌ಗಳನ್ನು ಕಂಪನಿಗೆ ಒಪ್ಪಿಸಿದನು. ಟೇಲರನನ್ನು ನಮ್ಮ ಸೊಲ್ಲಾಪುರದಾಚೆಯ ನಳದುರ್ಗದ ಆಡಳಿತಕ್ಕೆ ಕಳುಹಿಸಲಾಯಿತು. ಅದೇ ವರ್ಷ ಪ್ರಾಯಕ್ಕೆ ಬಂದ ವೆಂಕಟಪ್ಪ ನಾಯಕನಿಗೆ ಸಂಸ್ಥಾನ ಮರಳಿ ದೊರೆಯಿತು. ನೋಡಲು ಇದು ಸ್ವಾತಂತ್ರ್ಯ. ಆದರೆ ಭೂಪಟವನ್ನು ನೋಡಿದರೆ ಬೇರೆಯೇ ಅರ್ಥ ಹೊಳೆಯುತ್ತದೆ. ರಾಯಚೂರು ದೋಆಬ್ ಎಂದರೆ ಕೃಷ್ಣೆಯ ಆಚೆ ದಂಡೆ. ಅದುವರೆಗೆ ಎರಡೂ ದಡಗಳಲ್ಲಿ ಬೇಡರ ನಂಟಸ್ತಿಕೆಯಿತ್ತು. ದೇವದುರ್ಗ, ಗುರುಗುಂಟಾಗಳಲ್ಲಿ ಬೇಡ ನಾಯಕರ ಮನೆತನಗಳಿದ್ದವು. ಹೊಳೆ ಆ ಜನಾಂಗದ ಅಂಗಳದ ನಡುವೆ ಹರಿಯುತ್ತಿತ್ತು. ಈಗ ಒಮ್ಮೆಲೇ ಅದು ಗಡಿಯಾಯಿತು. ಆಚೆ ಲಿಂಗಸುಗೂರಿನಲ್ಲಿ ಇಂಗ್ಲಿಷ್ ಅಧಿಕಾರಿಗಳ ಕೈಕೆಳಗಿನ ದಂಡು, ಈಚೆ ಹತ್ತೊಂಬತ್ತು ವರ್ಷದ ದೊರೆ. ಗಡಿಯೊಂದು ರಾತ್ರಿ ಬೆಳಗಾಗುವುದರೊಳಗೆ ಮನೆಯ ಅಂಗಳದಲ್ಲಿ ಎದ್ದು ನಿಲ್ಲುವುದೆಂದರೆ ಏನೆಂದು ಜತ್ತದ ಓದುಗರಿಗೆ ವಿವರಿಸಬೇಕಾಗಿಲ್ಲ.

ಮುಂದಿನ ನಾಲ್ಕು ವರ್ಷಗಳ ಬಗ್ಗೆ ಟೇಲರನ ಮಾತು ಕಠೋರವಾಗಿದೆ. ದೊರೆ ದುಂದುಗಾರನಾದನು, ಕೆಟ್ಟ ಸಹವಾಸಕ್ಕೆ ಬಿದ್ದನು, ಕೂಡಿಟ್ಟ ಬೊಕ್ಕಸವನ್ನು ಬರಿದು ಮಾಡಿದನು ಎಂಬುದು ಅವನ ಆಕ್ಷೇಪ. ಇದರಲ್ಲಿ ಸ್ವಲ್ಪ ಸತ್ಯವಿದ್ದೀತು. ಆದರೆ ಕಚೇರಿಯು ಹನ್ನೊಂದು ವರ್ಷ ಕಡಿಮೆ ಮಾಡಿದ್ದನ್ನು ಬೇಡರು ತಮ್ಮ ದೊರೆಯಿಂದ ಮರಳಿ ಕೇಳುವುದು ಸಹಜ; ದೊರೆಯಾದವನು ಕೊಡುವುದೂ ಸಹಜ. ಲೆಕ್ಕದ ಪುಸ್ತಕದಲ್ಲಿ ದುಂದೆಂದು ಬರೆಯಲ್ಪಡುವುದರಲ್ಲಿ ಎಷ್ಟೋ ಪಾಲು ಆ ಹಳೆಯ ಬಾಂಧವ್ಯದ ಸಲುವಳಿಯಾಗಿರಬಹುದು.

ಅಷ್ಟರಲ್ಲಿ 1857 ಬಂದಿತು. ಉತ್ತರದಲ್ಲಿ ಎದ್ದ ಬೆಂಕಿಯ ಸುದ್ದಿ ದಕ್ಷಿಣದ ಸಂಸ್ಥಾನಗಳಿಗೂ ಹಬ್ಬಿತು. ಸಾತಾರೆಯನ್ನು ಕಂಪನಿ ನುಂಗಿ ಆಗಲೇ ಒಂಬತ್ತು ವರ್ಷವಾಗಿತ್ತು; ಅದರ ಅಧೀನದಲ್ಲಿದ್ದ ನಮ್ಮ ಜತ್ತ ಜಹಗೀರಿನ ಡಫಳೆ ಮನೆತನವೂ ಅಂದಿನಿಂದ ನೇರವಾಗಿ ಇಂಗ್ಲಿಷರ ಕಣ್ಗಾವಲಿಗೆ ಬಂದಿತ್ತು. ಸರಕಾರವು ಜನರ ಆಯುಧಗಳನ್ನು ಕಿತ್ತುಕೊಳ್ಳುವ ಕಾಯಿದೆಯನ್ನು ಜಾರಿಗೆ ತಂದಾಗ, ಮುಧೋಳ ಸಂಸ್ಥಾನದ ಹಲಗಲಿಯ ಬೇಡರು ಅದನ್ನು ಧಿಕ್ಕರಿಸಿದರು. ಆಯುಧ ಬೇಡನಿಗೆ ಅಲಂಕಾರವಲ್ಲ. ಅದನ್ನು ಒಪ್ಪಿಸುವುದೆಂದರೆ ಭೂಮಿಯ ಹಕ್ಕನ್ನೂ ಕುಲದ ಮರ್ಯಾದೆಯನ್ನೂ ಒಟ್ಟಿಗೆ ಒಪ್ಪಿಸಿದಂತೆ. 1857ರ ನವೆಂಬರ್ ಕೊನೆಯಲ್ಲಿ ಹಲಗಲಿಯನ್ನು ಸುಟ್ಟು, ಸೆರೆಸಿಕ್ಕವರನ್ನು ಗಲ್ಲಿಗೇರಿಸಲಾಯಿತು. ಆ ಕದನವನ್ನು ಹಾಡುವ ಲಾವಣಿಯನ್ನು ನಂತರ ಫ್ಲೀಟ್ ಸಂಗ್ರಹಿಸಿದ್ದು ನಮ್ಮ ಪಠ್ಯಗಳಲ್ಲಿ ಪರಿಚಿತವೇ. ಹಲಗಲಿಯ ಹೊಗೆ ಆರುವ ಮುನ್ನ ಇಂಗ್ಲಿಷರ ದೃಷ್ಟಿ ಬೇಡರ ದೊಡ್ಡ ಮನೆಯಾದ ಸುರಪುರದ ಮೇಲೆ ಬಿದ್ದಿತು.

ವೆಂಕಟಪ್ಪ ನಾಯಕನು ಅರಬರು ಮತ್ತು ರೋಹಿಲರನ್ನು ದಂಡಿಗೆ ಸೇರಿಸಿಕೊಳ್ಳುತ್ತಿದ್ದಾನೆ, ನಾನಾಸಾಹೇಬನ ಕಡೆಯವರೊಡನೆ ಅವನಿಗೆ ಸಂಪರ್ಕವಿದೆ ಎಂಬ ಶಂಕೆ ರೆಸಿಡೆನ್ಸಿಯಲ್ಲಿ ಬಲಿಯಿತು. 1858ರ ಜನವರಿಯಲ್ಲಿ ಕ್ಯಾಪ್ಟನ್ ರೋಸ್ ಕ್ಯಾಂಪ್‌ಬೆಲ್ ಎಂಬ ಅಧಿಕಾರಿಯನ್ನು ದೊರೆಗೆ ತಿಳಿಹೇಳಲೆಂದು ಕಳುಹಿಸಿದರು. ಪರದೇಶಿ ಸಿಪಾಯಿಗಳನ್ನು ಬಿಡಿಸಬೇಕೆಂಬುದು ಬೇಡಿಕೆ. ಮಾತುಕತೆ ಫಲಿಸಲಿಲ್ಲ. ಅದು ಹೊಳೆ ಇಳಿಯುವ ಕಾಲ. ಜೂನ್ ತಿಂಗಳಾಗಿದ್ದರೆ ಕೃಷ್ಣೆ ತನ್ನ ಮಕ್ಕಳಿಗೆ ನಾಲ್ಕು ತಿಂಗಳ ವಾಯಿದೆ ಕೊಡುತ್ತಿದ್ದಳು. ಫೆಬ್ರವರಿಯಲ್ಲಿ ಅವಳಲ್ಲಿ ಕೊಡಲು ಏನೂ ಇರಲಿಲ್ಲ.

ಫೆಬ್ರವರಿ 7ರಂದು ಕ್ಯಾಪ್ಟನ್ ವಿಂಡ್‌ಹ್ಯಾಮನ ಕೈಕೆಳಗೆ ನಿಜಾಮ ಕಂಟಿಂಜೆಂಟಿನ ಪಡೆ ಸುರಪುರದ ಬುಡಕ್ಕೆ ಬಂದು ಬಿಡಾರ ಹೂಡಿತು. ಆ ರಾತ್ರಿ ಬೇಡರೂ ಅರಬರೂ ರೋಹಿಲರೂ ಗುಡ್ಡಗಳಿಂದ ಇಳಿದು ಬಿಡಾರದ ಮೇಲೆ ಎರಗಿದರು. ಕತ್ತಲೆಯಲ್ಲಿ ನಡೆದ ಕಾದಾಟ ಬೆಳಗಿನವರೆಗೂ ನಡೆಯಿತು. ಮರುದಿನ ಮದರಾಸಿನ ಪಡೆಗಳೊಂದಿಗೆ ಕರ್ನಲ್ ಹ್ಯೂಸ್ ಬಂದು ಕೂಡಿಕೊಂಡನು. ಗುಡ್ಡದ ಬದಿಯ ಚಕಮಕಿಯಲ್ಲಿ ಕ್ಯಾಪ್ಟನ್ ನ್ಯೂಬೆರಿ ಸತ್ತನು. ಅವನ ಜೊತೆಯ ಸ್ಟೂವರ್ಟ್ ಎಂಬ ಅಧಿಕಾರಿ ಮಾರಣಾಂತಿಕವಾಗಿ ಗಾಯಗೊಂಡನು. ಆದರೂ ತೋಪುಗಳ ಎದುರು ಊರು ಹೆಚ್ಚು ಕಾಲ ನಿಲ್ಲುವಂತಿರಲಿಲ್ಲ. ಫೆಬ್ರವರಿ 8ರ ರಾತ್ರಿ ದೊರೆಯು ಬೆರಳೆಣಿಕೆಯ ಸವಾರರೊಂದಿಗೆ ಊರು ಬಿಟ್ಟನು. ಬೆಳಗಾದಾಗ ಸುರಪುರ ಬರಿದಾಗಿತ್ತು. ನೂರೈವತ್ತು ವರ್ಷ ಹಿಂದೆ ವಾಗಣಗೇರಿಯಲ್ಲಿ ಪಿಡ್ಡ ನಾಯಕನು ಮಾಡಿದ್ದನ್ನೇ ಅವನೂ ಮಾಡಿದನು: ಕೋಟೆಯನ್ನು ಬಿಟ್ಟುಕೊಟ್ಟನು. ಆದರೆ ಪಿಡ್ಡ ನಾಯಕನು ಹೋದದ್ದು ಗುಡ್ಡದೊಳಕ್ಕೆ, ತನ್ನವರ ನಡುವೆ. ವೆಂಕಟಪ್ಪ ನಾಯಕನು ಹೋದದ್ದು ಹೈದರಾಬಾದಿಗೆ.

ಏಕೆ ಹೈದರಾಬಾದು ಎಂಬ ಪ್ರಶ್ನೆ ಈ ಕಥೆ ಓದಿದವರನ್ನೆಲ್ಲ ಕಾಡುತ್ತದೆ. ನಿಜಾಮನ ಮೇಲೆ ಅವನಿಗೆ ಭರವಸೆಯಿತ್ತೋ, ಅಲ್ಲಿನ ಅರಬರಲ್ಲಿ ಆಶ್ರಯ ಸಿಗುವುದೆಂದು ಎಣಿಸಿದನೋ? ಬಾಲ್ಯದಿಂದ ಕಚೇರಿಯ ನೆರಳಿನಲ್ಲಿ ಬೆಳೆದವನಿಗೆ ನಾಡಿನ ಹಣೆಬರಹ ರಾಜಧಾನಿಯಲ್ಲೇ ಬರೆಯಲ್ಪಡುತ್ತದೆಂಬ ಭಾವನೆ ಬೇರೂರಿತ್ತೆಂದು ನನಗೆ ತೋರುತ್ತದೆ. ಬಜಾರಿನಲ್ಲಿ ದಿಕ್ಕುಗಾಣದೆ ಅಲೆಯುತ್ತಿದ್ದವನನ್ನು ಹಿಡಿದು ದಿವಾನ ಸಾಲಾರ್ ಜಂಗನ ಬಳಿಗೆ ಒಯ್ದರು. ದಿವಾನನು ರೆಸಿಡೆಂಟ್ ಕರ್ನಲ್ ಡೇವಿಡ್‌ಸನ್‌ಗೆ ಒಪ್ಪಿಸಿದನು. ಸಿಕಂದರಾಬಾದಿನಲ್ಲಿ ಸೆರೆಯಾಯಿತು, ವಿಚಾರಣೆ ನಡೆಯಿತು.

ಸೆರೆಮನೆಯಲ್ಲಿ ಟೇಲರ್ ಅವನನ್ನು ಭೇಟಿಯಾದನು. ಸುರಪುರದ ಆಡಳಿತವನ್ನು ಮತ್ತೆ ವಹಿಸಿಕೊಳ್ಳಲು ಹೊರಟಿದ್ದ ಟೇಲರನಿಗೆ ಒಂದು ಕೆಲಸವನ್ನೂ ಒಪ್ಪಿಸಲಾಗಿತ್ತು. ದೊರೆಯನ್ನು ಬಂಡಾಯಕ್ಕೆ ಪ್ರೇರೇಪಿಸಿದವರು ಯಾರೆಂದು ತಿಳಿಯಬೇಕು. ಹೆಸರು ಹೇಳಿದರೆ ಶಿಕ್ಷೆ ಹಗುರವಾದೀತು. ತರುಣನು ಟೇಲರನನ್ನು ತಬ್ಬಿಕೊಂಡು ಅತ್ತನು. ತನ್ನ ತಪ್ಪನ್ನು ಒಪ್ಪಿಕೊಂಡನು. ಆದರೆ ಹೆಸರು ಹೇಳುವ ಮಾತು ಬಂದಾಗ ನಿರಾಕರಿಸಿದನು. ಪ್ರಾಣದಾಸೆಗಾಗಿ ಜೊತೆಯವರನ್ನು ಹಿಡಿದುಕೊಡುವುದು ಬೇಡನಿಗೆ ತಕ್ಕುದಲ್ಲವೆಂಬುದು ಅವನ ನಿಲುವು. ಸಾವಿಗೆ ತಾನು ಅಂಜುವುದಿಲ್ಲವೆಂದೂ, ಕಳ್ಳನಂತೆ ನೇಣಿಗೆ ಹಾಕದೆ ತೋಪಿನ ಬಾಯಿಗೆ ಕಟ್ಟಿ ಹಾರಿಸುವಂತೆ ಮಾಡಬೇಕೆಂದೂ ಮಾತ್ರ ಬೇಡಿಕೊಂಡನು. ಇದು ಅವನ ವೈರಿ ಪಕ್ಷದ ಅಧಿಕಾರಿಯೇ ಬರೆದಿಟ್ಟ ಸಂಗತಿ. ಇಪ್ಪತ್ತನಾಲ್ಕರ ಆ ತರುಣನು ಆಳಿದ ರೀತಿಯನ್ನು ಎಷ್ಟೇ ಟೀಕಿಸಿದರೂ, ಈ ಮೌನವೊಂದರಲ್ಲಿ ಅವನು ಎಷ್ಟೋ ಮನೆಗಳನ್ನು ಗಲ್ಲಿನಿಂದ ಕಾಪಾಡಿದನೆಂಬುದನ್ನು ಅಲ್ಲಗಳೆಯಲಾಗದು. ಹಲಗಲಿಯಲ್ಲಿ ಏನಾಗಿತ್ತೆಂದು ಅವನಿಗೆ ಗೊತ್ತಿತ್ತು.

ಮರಣದಂಡನೆಯ ತೀರ್ಪು ಬಂದಿತು. ಅದನ್ನು ಜೀವಾವಧಿ ಗಡೀಪಾರಿಗೆ ಇಳಿಸಿದರು. ಬಳಿಕ ಗವರ್ನರ್ ಜನರಲ್ ಅದನ್ನೂ ಇಳಿಸಿ, ಮದರಾಸಿನ ಬಳಿಯ ಚೆಂಗಲ್ಪಟ್ಟಿನ ಕೋಟೆಯಲ್ಲಿ ನಾಲ್ಕು ವರ್ಷ ಸೆರೆಯೆಂದು ಗೊತ್ತುಪಡಿಸಿದನು. ನಡತೆ ಸರಿಯಿದ್ದರೆ ಮುಂದೆ ನಾಡು ಮರಳಿ ಸಿಗಬಹುದೆಂಬ ಆಸೆಯೂ ಅದರಲ್ಲಿತ್ತು. ಸುರಪುರದಲ್ಲಿದ್ದ ಟೇಲರನು ಈ ಸುದ್ದಿಯನ್ನು ಸಂತೋಷದಿಂದ ಹಳೆಯ ಶಾಸ್ತ್ರಿಗೆ ತಿಳಿಸಿದನು. ಜಾತಕದ ಮಾತು ಸುಳ್ಳಾಯಿತೆಂದು ಅವನಿಗೆ ಸಮಾಧಾನ. ಶಾಸ್ತ್ರಿಗೆ ಸಮಾಧಾನವಾಗಲಿಲ್ಲ. ಸ್ವಲ್ಪ ದಿನಗಳಲ್ಲೇ ಮತ್ತೊಂದು ಸುದ್ದಿ ಬಂದಿತು. ಚೆಂಗಲ್ಪಟ್ಟಿಗೆ ಒಯ್ಯುವ ದಾರಿಯಲ್ಲಿ, ಹೈದರಾಬಾದಿನಿಂದ ಹೊರಟ ಮೊದಲ ಬಿಡಾರದಲ್ಲೇ, ಕಾವಲಿನ ಅಧಿಕಾರಿಯ ಪಿಸ್ತೂಲಿನ ಗುಂಡು ತಗುಲಿ ವೆಂಕಟಪ್ಪ ನಾಯಕನು ಮಡಿದಿದ್ದನು. ಡೇರೆಯಲ್ಲಿ ತೂಗುಹಾಕಿದ್ದ ಪಿಸ್ತೂಲನ್ನು ತಾನೇ ತೆಗೆದು ಹಾರಿಸಿಕೊಂಡನೆಂಬುದು ಇಂಗ್ಲಿಷ್ ದಾಖಲೆ. ಕಾವಲುಗಾರನು ಆ ಗಳಿಗೆಯಲ್ಲಿ ಹೊರಗಿದ್ದನೆಂದೂ ಅದೇ ದಾಖಲೆ ಹೇಳುತ್ತದೆ. ಒಳಗೆ ನಡೆದದ್ದನ್ನು ನೋಡಿ ಹೇಳಲು ಬೇಡರ ಕಡೆಯವರು ಅಲ್ಲಿ ಯಾರೂ ಇರಲಿಲ್ಲ. ಸಾಹೇಬರ ಆಸೆಯ ಪ್ರಕಾರ ಅವನು ನಾಲ್ಕು ವರ್ಷದಲ್ಲಿ ಮರಳಬೇಕಾಗಿತ್ತು. ಆದರೆ ಆಯುಧ ಕಳೆದು, ಗಡೀಪಾರಾಗಿ, ಕಚೇರಿಯ ಕೃಪೆಯಿಂದ ಗದ್ದುಗೆಗೆ ಬರುವ ನಾಯಕನನ್ನು ಬೇಡರು ನಾಯಕನೆನ್ನುತ್ತಿದ್ದರೇ ಎಂಬುದನ್ನು ಅವನಿಗಿಂತ ಚೆನ್ನಾಗಿ ಬಲ್ಲವರಿರಲಿಲ್ಲ.

ನಾಡಿನ ಮುಂದಿನ ಕಥೆ ಚಿಕ್ಕದು. ಸುರಪುರವನ್ನು ಕಂಪನಿ ಜಪ್ತಿ ಮಾಡಿತು. 1860ರ ಒಪ್ಪಂದದಲ್ಲಿ ಇಂಗ್ಲಿಷರು 1857ರಲ್ಲಿ ತಮ್ಮೊಡನೆ ನಿಂತದ್ದಕ್ಕೆ ನಿಜಾಮನಿಗೆ ಬಹುಮಾನ ಕೊಟ್ಟರು: ರಾಯಚೂರು ದೋಆಬ್ ಮತ್ತು ನಳದುರ್ಗಗಳು ಹಿಂದಿರುಗಿದವು, ಅವುಗಳೊಂದಿಗೆ ಸುರಪುರವೂ ಅವನ ಪಾಲಾಯಿತು. ಕೃಷ್ಣೆಯ ಎರಡೂ ದಂಡೆಗಳು ಮತ್ತೆ ಒಂದೇ ಆಡಳಿತಕ್ಕೆ ಸೇರಿದವು, ಆದರೆ ಈ ಬಾರಿ ಬೇಡರನ್ನು ಕೇಳುವವರಿರಲಿಲ್ಲ. ದಂಡಿನ ಸೇವೆ ಇಲ್ಲದ ಮೇಲೆ ಸೇವಾಭೂಮಿಗೆ ಅರ್ಥವಿಲ್ಲ. ಆಯುಧವಿಲ್ಲದ ಮೇಲೆ ಕಾವಲುಹಕ್ಕಿಗೆ ಬೆಲೆಯಿಲ್ಲ. ಮುಂಬಯಿ ಇಲಾಖೆಯ ಕಡೆ ಅದೇ ಜನಾಂಗದವರು ಅಪರಾಧಿ ಬುಡಕಟ್ಟುಗಳ ಪಟ್ಟಿಗೆ ಸೇರಿ ಪೊಲೀಸ್ ಠಾಣೆಯಲ್ಲಿ ಹಾಜರಿ ಹಾಕುವಂತಾಯಿತು. ಅದರ ಗುರುತು ಇಂದಿಗೂ ಅಳಿದಿಲ್ಲ: ನಮ್ಮ ರಾಜ್ಯದಲ್ಲಿ ಬೇರಡರು ವಿಮುಕ್ತ ಜಾತಿಗಳ ಪಟ್ಟಿಯಲ್ಲಿದ್ದಾರೆ, ಹೊಳೆಯ ಕೆಳಗೆ ಕರ್ನಾಟಕದಲ್ಲಿ ಅದೇ ಬೇಡರು 1991ರಿಂದ ಪರಿಶಿಷ್ಟ ಪಂಗಡದಲ್ಲಿದ್ದಾರೆ. ಸಿಂಧೂರದ ಒಬ್ಬ ವಿದ್ಯಾರ್ಥಿಗೂ ಸುರಪುರದ ಅವನ ನಂಟನಿಗೂ ಕಾಲೇಜಿನ ಅರ್ಜಿಯಲ್ಲಿ ಬರೆಯಬೇಕಾದ ಕಲಮು ಬೇರೆ ಬೇರೆ.

ಕೃಷ್ಣೆಯೂ ಈಗ ಹಳೆಯ ಕೃಷ್ಣೆಯಲ್ಲ. ನಾರಾಯಣಪುರದಲ್ಲಿ ಬಸವಸಾಗರ ಅಣೆಕಟ್ಟು ಎದ್ದಿದೆ. ಅದರ ಹಿನ್ನೀರಿನಲ್ಲಿ ಊರುಗಳು ಮುಳುಗಿವೆ, ಅದರ ಎಡದಂಡೆ ಕಾಲುವೆಯಿಂದ ಜೋಳ ಬೆಳೆಯುತ್ತಿದ್ದ ಸಗರನಾಡಿನ ಹೊಲಗಳಲ್ಲಿ ಭತ್ತ ಬೆಳೆಯುತ್ತದೆ. ಮಳೆಗಾಲದಲ್ಲಿ ಬಾಗಿಲು ತೆರೆದಾಗ ಛಾಯಾಭಗವತಿಯ ಗುಡಿಗೆ ನೀರು ನುಗ್ಗುತ್ತದ್ದು ಪ್ರತಿವರ್ಷ ಪತ್ರಿಕೆಗಳಲ್ಲಿ ಬರುವ ಸುದ್ದಿ. ಹೊಳೆ ಯಾವಾಗ ತುಂಬಬೇಕು, ಯಾವಾಗ ಇಳಿಯಬೇಕು ಎಂಬುದು ಈಗ ದಂಡೆಯವರ ತಿಳಿವಳಿಕೆಯಲ್ಲಿಲ್ಲ, ಇಂಜಿನಿಯರರ ವೇಳಾಪಟ್ಟಿಯಲ್ಲಿದೆ.

ಟೇಲರನು 1860ರಲ್ಲಿ ಆರೋಗ್ಯ ಕೆಟ್ಟು ಭಾರತವನ್ನು ಬಿಟ್ಟನು. ಸುರಪುರವು ನಿಜಾಮನ ರಾಜ್ಯದಲ್ಲಿ ಒಂದು ತಾಲೂಕಾಯಿತು. ಸುರಪುರದ ದೊರೆಮನೆಯಲ್ಲಿ ವೆಂಕಟಪ್ಪ ನಾಯಕನೆಂಬ ಹೆಸರನ್ನು ಮಕ್ಕಳಿಗೆ ಇಡುವ ರೂಢಿ ಆಮೇಲೂ ನಿಲ್ಲಲಿಲ್ಲ.